ಬರಿದಾದ ಅಕ್ಷಯ ಪಾತ್ರೆ

ಮಗು ಸೊರಗಿದರೆ, ಪದೇ ಪದೇ ನೆಗಡಿಯಾದರೆ, ಕಾಲಿನ ಮೂಳೆ ಬಾಗಿದಂತೆ ಕಂಡರೆ ‘ಕಾಡ್ ಲಿವರ್ ಆಯಿಲ್ ಕೊಡಿ’ ಎಂಬ ಸಲಹೆ ಕನ್ನಡನಾಡಿನ ಮನೆಗಳಿಗೆ ಹೊಸತಲ್ಲ. ಮೀನೆಂದರೆ ಮೂಗು ಮುಚ್ಚಿಕೊಳ್ಳುವ ಮನೆಗಳಿಗೂ ಈ ಎಣ್ಣೆ ಔಷಧವೆಂಬ ರಿಯಾಯಿತಿಯಲ್ಲಿ ಪ್ರವೇಶ ಪಡೆಯಿತು. ಮೊದಲು ಬಾಟಲಿಯಲ್ಲಿ, ಆಮೇಲೆ ಹೊಂಬಣ್ಣದ ಗುಳಿಗೆಯಾಗಿ ಬಂತು. ಬೆನ್ನ ಮೇಲೆ ಭಾರಿ ಮೀನೊಂದನ್ನು ಹೊತ್ತು ನಿಂತ ಮನುಷ್ಯನ ಚಿತ್ರವಿರುವ ಸ್ಕಾಟ್ಸ್ ಎಮಲ್ಷನ್ ಬಾಟಲಿಯನ್ನು ಹಳೆಯ ತಲೆಮಾರಿನವರು ಮರೆತಿರಲಾರರು. ಆದರೆ ಆ ಮನುಷ್ಯನ ಬೆನ್ನ ಮೇಲಿನ ಮೀನು ಯಾವುದು, ಎಲ್ಲಿಯದು ಎಂದು ಕೇಳಿದವರು ಕಡಿಮೆ.

ಅದೇ ಕಾಡ್. ಹೆಸರು ಹಾಗಿದ್ದರೂ ನಮ್ಮ ಕಾಡಿಗೂ ಇದಕ್ಕೂ ಸಂಬಂಧವಿಲ್ಲ. ಇದು ಉತ್ತರ ಅಟ್ಲಾಂಟಿಕ್ ಸಾಗರದ ತಣ್ಣೀರಿನಲ್ಲಿ, ಕಡಲ ತಳಕ್ಕೆ ಹತ್ತಿರವಾಗಿ ಬದುಕುವ ಮೀನು. ಅರಬ್ಬಿ ಸಮುದ್ರದಲ್ಲಿ ಇದರ ಸುಳಿವೇ ಇಲ್ಲ. ಆದರೂ ಸಾವಿರ ವರ್ಷಗಳ ಕಾಲ ಯುರೋಪಿನ ಊಟವನ್ನು, ಅಮೆರಿಕದ ವಸಾಹತುಗಳನ್ನು, ಗುಲಾಮರ ವ್ಯಾಪಾರವನ್ನು, ಕೊನೆಗೆ ಸಮುದ್ರದ ಗಡಿಗಳನ್ನು ಕೂಡ ರೂಪಿಸಿದ ಮೀನು ಇದು. ಎಷ್ಟು ಮೊಗೆದರೂ ಮುಗಿಯದ ಅಕ್ಷಯ ಪಾತ್ರೆ ಎಂದು ಜಗತ್ತು ಇದನ್ನು ನಂಬಿತ್ತು. 1992ರಲ್ಲಿ ಆ ಪಾತ್ರೆಯ ತಳ ಕಂಡಿತು.

ಗದ್ದದ ಮೀಸೆ

ವಿಜ್ಞಾನಿಗಳು ಈ ಮೀನನ್ನು ಗ್ಯಾಡಸ್ ಮೊರುವಾ ಎಂದು ಕರೆಯುತ್ತಾರೆ. 1758ರಲ್ಲಿ ಈ ಹೆಸರಿಟ್ಟವನು ಸ್ವೀಡನ್ನಿನ ಲಿನೇಯಸ್. ಬೆನ್ನ ಮೇಲೆ ಮೂರು ಈಜುರೆಕ್ಕೆ, ಹೊಟ್ಟೆಯ ಹಿಂಭಾಗದಲ್ಲಿ ಎರಡು, ಪಕ್ಕೆಯುದ್ದಕ್ಕೂ ಎಳೆದಂತಿರುವ ಬಿಳಿಯ ಗೆರೆ, ಗದ್ದದ ಕೆಳಗೆ ಜೋತುಬಿದ್ದ ಒಂದೇ ಒಂದು ಮೀಸೆ – ಇಷ್ಟು ನೋಡಿದರೆ ಕಾಡ್ ಮೀನನ್ನು ಗುರುತಿಸಬಹುದು. ಆ ಮೀಸೆ ಅಲಂಕಾರಕ್ಕಲ್ಲ. ಬೆಳಕು ಮಸುಕಾದ ತಳದಲ್ಲಿ ಮರಳನ್ನೂ ಕಲ್ಲನ್ನೂ ತಡವಿ, ರುಚಿ ನೋಡಿ, ಆಹಾರ ಹುಡುಕುವ ಬೆರಳು ಅದು.

ಕಾಡ್ ಮೀನಿಗೆ ತಿನ್ನುವುದರಲ್ಲಿ ಮಡಿ ಮೈಲಿಗೆಯಿಲ್ಲ. ಏಡಿ, ಸಿಗಡಿ, ಚಿಪ್ಪಿನ ಜೀವಿಗಳು, ಚಿಕ್ಕ ಮೀನುಗಳು, ಕೆಲವೊಮ್ಮೆ ತನ್ನದೇ ಕುಲದ ಮರಿಗಳು – ಬಾಯಿಗೆ ಸಿಕ್ಕಿದ್ದೆಲ್ಲ ಹೊಟ್ಟೆಗೆ. 1626ರ ಜೂನ್ ತಿಂಗಳಲ್ಲಿ ಇಂಗ್ಲೆಂಡಿನ ಕೇಂಬ್ರಿಜ್ ಮಾರುಕಟ್ಟೆಗೆ ಬಂದ ಒಂದು ಕಾಡ್ ಮೀನನ್ನು ಸೀಳಿದಾಗ ಒಳಗೆ ಹಾಯಿಬಟ್ಟೆಯಲ್ಲಿ ಸುತ್ತಿದ ಪುಸ್ತಕವೊಂದು ಸಿಕ್ಕಿತು. ಹಿಂದಿನ ಶತಮಾನದಲ್ಲಿ ಸುಡಲ್ಪಟ್ಟ ಧರ್ಮಸುಧಾರಕ ಜಾನ್ ಫ್ರಿತ್‌ನ ಬರಹಗಳೆಂದು ಅವನ್ನು ಗುರುತಿಸಿ, ಮರುವರ್ಷ ‘ವಾಕ್ಸ್ ಪಿಸಿಸ್’, ಅಂದರೆ ‘ಮೀನಿನ ದನಿ’ ಎಂಬ ಹೆಸರಿನಲ್ಲಿ ಅಚ್ಚುಹಾಕಿದರು. ಮೀನಿನ ಹೊಟ್ಟೆಯಿಂದ ಶಕುಂತಲೆಯ ಉಂಗುರ ಸಿಕ್ಕ ಕಥೆ ಕೇಳಿದ ನಮಗೆ ಇದು ತೀರ ವಿಚಿತ್ರವೆನಿಸದು.

ಈ ಮೀನಿನ ಬಾಳುವೆ ನಿಧಾನ. ಉತ್ತರದ ತಣ್ಣೀರಿನಲ್ಲಿ ಐದಾರು ವರ್ಷ ತುಂಬಿದ ಮೇಲೆಯೇ ಅದು ಮೊಟ್ಟೆಯಿಡುವ ಪ್ರಾಯಕ್ಕೆ ಬರುತ್ತದೆ. ಇಪ್ಪತ್ತು ವರ್ಷ ಮೀರಿ ಬದುಕುವುದೂ ಉಂಟು. ದೊಡ್ಡ ಹೆಣ್ಣುಮೀನು ಒಂದು ಋತುವಿನಲ್ಲಿ ಹಲವು ದಶಲಕ್ಷ ಮೊಟ್ಟೆಗಳನ್ನಿಡುತ್ತದೆ. ಗಂಡುಮೀನು ಗಾಳಿಚೀಲವನ್ನು ಕಂಪಿಸಿ ಗುರುಗುಟ್ಟುತ್ತ ಅದನ್ನು ಓಲೈಸುತ್ತದೆ. ನೀರಿನಲ್ಲಿ ತೇಲುವ ಆ ಮೊಟ್ಟೆಗಳಲ್ಲಿ ಬೆರಳೆಣಿಕೆಯಷ್ಟು ಮಾತ್ರ ದೊಡ್ಡ ಮೀನಾಗುತ್ತವೆ. 1895ರಲ್ಲಿ ಅಮೆರಿಕದ ಮ್ಯಾಸಚೂಸೆಟ್ಸ್ ಕರಾವಳಿಯಲ್ಲಿ ಸಿಕ್ಕ ಒಂದು ಕಾಡ್ ಮೀನು 211 ಪೌಂಡ್, ಎಂದರೆ ಸುಮಾರು 96 ಕಿಲೋ ತೂಗಿತ್ತು. ಈಗ ಅಂಥ ಗಾತ್ರದ ಮೀನು ಕಥೆಯಲ್ಲಿ ಮಾತ್ರ.

ಮನುಷ್ಯನ ದೃಷ್ಟಿಯಿಂದ ಕಾಡ್‌ನ ದೊಡ್ಡ ಗುಣವೆಂದರೆ ಅದರ ಮಾಂಸದಲ್ಲಿ ಕೊಬ್ಬು ಇಲ್ಲವೆನ್ನುವಷ್ಟು ಕಡಿಮೆ ಇರುವುದು. ನಮ್ಮ ಬೂತಾಯಿ, ಬಂಗುಡೆಗಳ ಮೈತುಂಬ ಎಣ್ಣೆ; ಒಣಗಿಸಿಟ್ಟರೂ ಕ್ರಮೇಣ ಕನರು ವಾಸನೆ ಹಿಡಿಯುತ್ತದೆ. ಕಾಡ್ ತನ್ನ ಕೊಬ್ಬನ್ನೆಲ್ಲ ಪಿತ್ತಜನಕಾಂಗದಲ್ಲಿ ಕೂಡಿಡುತ್ತದೆ. ಆದ್ದರಿಂದ ಪಿತ್ತಜನಕಾಂಗ ಎಣ್ಣೆಯಾಯಿತು, ಮಾಂಸ ವರ್ಷಗಟ್ಟಲೆ ಕೆಡದ ಒಣಮೀನಾಯಿತು. ಈ ಸಣ್ಣ ಶರೀರರಚನೆಯ ಸಂಗತಿಯೇ ಮುಂದಿನ ಇತಿಹಾಸಕ್ಕೆಲ್ಲ ಬುನಾದಿ.

ಮರದ ತುಂಡಿನಂಥ ಊಟ

ನಾರ್ವೆಯ ಉತ್ತರದಲ್ಲಿ ಲೋಫೋಟೆನ್ ಎಂಬ ದ್ವೀಪಮಾಲೆಯಿದೆ. ಪ್ರತಿ ಚಳಿಗಾಲದಲ್ಲೂ ಬ್ಯಾರೆಂಟ್ಸ್ ಸಮುದ್ರದ ಕಾಡ್ ಮೀನುಗಳು ಮೊಟ್ಟೆಯಿಡಲು ಅಲ್ಲಿಗೆ ವಲಸೆ ಬರುತ್ತವೆ. ಧ್ರುವವೃತ್ತದ ಒಳಗಿದ್ದರೂ ಬಿಸಿನೀರಿನ ಪ್ರವಾಹದ ದೆಸೆಯಿಂದ ಅಲ್ಲಿನ ಗಾಳಿ ಸೊನ್ನೆ ಡಿಗ್ರಿಯ ಆಸುಪಾಸಿನಲ್ಲಿ ಇರುತ್ತದೆ. ಮೀನು ಹೆಪ್ಪುಗಟ್ಟಿ ಒಡೆಯುವಷ್ಟು ಚಳಿಯಲ್ಲ, ಕೊಳೆಯುವಷ್ಟು ಸೆಕೆಯೂ ಅಲ್ಲ. ತಲೆ ತೆಗೆದ ಮೀನುಗಳನ್ನು ಜೋಡಿಯಾಗಿ ಬಾಲಕ್ಕೆ ಕಟ್ಟಿ ಮರದ ಚಪ್ಪರಕ್ಕೆ ನೇತುಹಾಕಿದರೆ ಉಪ್ಪಿನ ಹಂಗೂ ಇಲ್ಲದೆ ಗಾಳಿಯೇ ಒಣಗಿಸುತ್ತದೆ. ಮೂರು ತಿಂಗಳಲ್ಲಿ ಐದು ಕಿಲೋ ಮೀನು ಒಂದು ಕಿಲೋಗೆ ಇಳಿದು ಮರದ ತುಂಡಿನಂತೆ ಗಟ್ಟಿಯಾಗುತ್ತದೆ. ಸುತ್ತಿಗೆಯಿಂದ ಬಡಿದು, ನೆನೆಸಿದರೆ ಮತ್ತೆ ಮೀನು. ಇದಕ್ಕೆ ಸ್ಟಾಕ್‌ಫಿಷ್ ಎಂದು ಹೆಸರು.

ವೈಕಿಂಗರ ಕಾಲದಲ್ಲೇ ಈ ಒಣಮೀನು ದೂರ ಪ್ರಯಾಣ ಮಾಡುತ್ತಿತ್ತು. ಉತ್ತರ ಜರ್ಮನಿಯ ಹೈಥಾಬು ಎಂಬ ವೈಕಿಂಗ್ ಪಟ್ಟಣದ ಅವಶೇಷಗಳಲ್ಲಿ ಸಿಕ್ಕ ಮೂಳೆಗಳ ಡಿಎನ್ಎ ಪರೀಕ್ಷಿಸಿದ ವಿಜ್ಞಾನಿಗಳು, ಅವು ಉತ್ತರ ನಾರ್ವೆಯ ಕಡಲಿನ ಕಾಡ್ ಮೀನಿನವೆಂದು 2017ರಲ್ಲಿ ತೋರಿಸಿದರು. ಮುಂದೆ ಹಾನ್ಸಿಯಾಟಿಕ್ ಒಕ್ಕೂಟದ ಜರ್ಮನ್ ವರ್ತಕರು ಬರ್ಗನ್ ಬಂದರಿನಲ್ಲಿ ಕೋಠಿ ಹೂಡಿ ಈ ವ್ಯಾಪಾರವನ್ನು ಕೈಗೆ ತೆಗೆದುಕೊಂಡರು.

ಇಟಲಿಗೆ ಈ ಮೀನಿನ ರುಚಿ ಹತ್ತಿದ್ದರ ಹಿಂದೆ ಒಂದು ಹಡಗೊಡೆತದ ಕಥೆಯಿದೆ. 1431ರಲ್ಲಿ ವೆನಿಸಿನ ವರ್ತಕ ಪಿಯೆತ್ರೊ ಕ್ವೆರಿನಿಯ ಹಡಗು ಬಿರುಗಾಳಿಗೆ ಸಿಕ್ಕಿ ದಿಕ್ಕು ತಪ್ಪಿತು. ಅಳಿದುಳಿದವರು 1432ರ ಆರಂಭದಲ್ಲಿ ಲೋಫೋಟೆನ್ನಿನ ರೋಸ್ಟ್ ದ್ವೀಪದ ಬಳಿ ದಡ ಸೇರಿದರು. ಅಲ್ಲಿನ ಬಡ ಮೀನುಗಾರರು ಅವರಿಗೆ ಆಶ್ರಯವಿತ್ತು ತಿಂಗಳುಗಟ್ಟಲೆ ಸಾಕಿದರು. ಹಿಂತಿರುಗುವಾಗ ದಾರಿಗೆಂದು ಕಟ್ಟಿಕೊಟ್ಟ ಬುತ್ತಿ ಒಣ ಕಾಡ್. ವಿಚೆಂಜಾ ನಗರದ ಹೆಸರಾಂತ ಮೀನಿನ ಅಡುಗೆಗೆ ಇಂದಿಗೂ ಬೇಕಾದದ್ದು ಅದೇ ಒಣಮೀನು. ಆಫ್ರಿಕದ ನೈಜೀರಿಯಾದಲ್ಲೂ ಇದಕ್ಕೆ ಭಾರಿ ಬೇಡಿಕೆ. ಇಗ್ಬೊ ಜನ ಇದನ್ನು ‘ಒಕ್ಪೊರೊಕೊ’, ಅಂದರೆ ಪಾತ್ರೆಯಲ್ಲಿ ಸದ್ದು ಮಾಡುವಂಥದ್ದು, ಎನ್ನುತ್ತಾರೆ. 1967ರಿಂದ 1970ರವರೆಗಿನ ಬಿಯಾಫ್ರಾ ಯುದ್ಧದ ಹಸಿವಿನ ದಿನಗಳಲ್ಲಿ ಪರಿಹಾರ ಸಾಮಗ್ರಿಯಾಗಿ ಬಂದ ನಾರ್ವೆಯ ಒಣಮೀನು ಅಲ್ಲಿನ ಮಕ್ಕಳಿಗೆ ಅನ್ನಕ್ಕಿಂತ ಹೆಚ್ಚಾಗಿತ್ತು.

ಬುಟ್ಟಿಯಲ್ಲಿ ಮೊಗೆದ ಮೀನು

ಮಧ್ಯಯುಗದ ಯುರೋಪಿನಲ್ಲಿ ಕ್ರೈಸ್ತ ಮತದ ಕಟ್ಟಳೆಯಂತೆ ಶುಕ್ರವಾರಗಳಂದು, ಈಸ್ಟರಿಗೆ ಮುಂಚಿನ ಉಪವಾಸದ ದಿನಗಳಂದು ಮಾಂಸ ನಿಷಿದ್ಧ. ಮೀನಿಗೆ ಅಡ್ಡಿಯಿರಲಿಲ್ಲ. ಕಡಲಿನಿಂದ ನೂರಾರು ಮೈಲಿ ದೂರದ ಒಳನಾಡಿನಲ್ಲಿ ಕೆಡದ ಮೀನು ಯಾವುದು? ಕಾಡ್. ಸ್ಪೇನ್ ಮತ್ತು ಫ್ರಾನ್ಸಿನ ಗಡಿಯ ಬಾಸ್ಕ್ ಜನ ಇದಕ್ಕೆ ಉಪ್ಪು ಸವರಿ ಒಣಗಿಸುವ ಕ್ರಮವನ್ನು ಬೆಳೆಸಿ ಸಂಪತ್ತು ಕೂಡಿಸಿದರು.

1497ರಲ್ಲಿ ಇಂಗ್ಲೆಂಡಿನ ದೊರೆ ಏಳನೆಯ ಹೆನ್ರಿಯ ಅಪ್ಪಣೆ ಪಡೆದು ಜಾನ್ ಕ್ಯಾಬಟ್ ಎಂಬ ಇಟಲಿಯ ನಾವಿಕ ಬ್ರಿಸ್ಟಲ್ ಬಂದರಿನಿಂದ ‘ಮ್ಯಾಥ್ಯೂ’ ಎಂಬ ಹಡಗಿನಲ್ಲಿ ಹೊರಟ. ಹುಡುಕುತ್ತಿದ್ದದ್ದು ಏಷ್ಯಾದ ದಾರಿ. ಸಿಕ್ಕಿದ್ದು ಉತ್ತರ ಅಮೆರಿಕದ ಪೂರ್ವ ಕರಾವಳಿ, ಮೀನು ತುಂಬಿ ತುಳುಕುವ ಕಡಲು. ಬುಟ್ಟಿಗೆ ಕಲ್ಲು ಕಟ್ಟಿ ನೀರಿಗಿಳಿಸಿದರೂ ಸಾಕು, ಮೀನು ತುಂಬಿ ಬರುತ್ತದೆ ಎಂದು ಅವನ ಸಂಗಡಿಗರು ಹೇಳಿದ್ದನ್ನು ಲಂಡನ್ನಿನಲ್ಲಿದ್ದ ಮಿಲಾನಿನ ರಾಯಭಾರಿ ಅದೇ ವರ್ಷ ತನ್ನ ಒಡೆಯನಿಗೆ ಬರೆದು ತಿಳಿಸಿದ. ವಾಸ್ಕೋ ಡ ಗಾಮ ಲಿಸ್ಬನ್ನಿನಿಂದ ನಮ್ಮ ಮಲಬಾರಿನತ್ತ ಹೊರಟದ್ದೂ ಅದೇ 1497ರಲ್ಲಿ. ಒಂದು ಹಡಗು ಮೆಣಸಿನ ಬೆನ್ನು ಹತ್ತಿತು, ಇನ್ನೊಂದಕ್ಕೆ ಮೀನು ಸಿಕ್ಕಿತು.

ನ್ಯೂಫೌಂಡ್‌ಲೆಂಡ್ ದ್ವೀಪದ ಆಗ್ನೇಯಕ್ಕೆ ಗ್ರ್ಯಾಂಡ್ ಬ್ಯಾಂಕ್ಸ್ ಎಂಬ ಆಳವಿಲ್ಲದ ಕಡಲ ದಿಬ್ಬಗಳಿವೆ. ಲ್ಯಾಬ್ರಡಾರಿನ ತಣ್ಣೀರು, ಗಲ್ಫ್ ಸ್ಟ್ರೀಮಿನ ಬಿಸಿನೀರು ಕೂಡುವ ತಾಣ ಅದು. ಮಂಜು ಸದಾ ಕವಿದಿರುತ್ತದೆ, ನೀರಿನಲ್ಲಿ ಮೇವು ಸಮೃದ್ಧ. ಇಂಗ್ಲಿಷರು, ಫ್ರೆಂಚರು, ಪೋರ್ಚುಗೀಸರು, ಸ್ಪೇನಿನವರು ಪ್ರತಿ ಬೇಸಗೆಯಲ್ಲೂ ಸಾಗರ ದಾಟಿ ಅಲ್ಲಿಗೆ ಬಂದರು. ದಡದಲ್ಲಿ ಮೀನು ಒಣಗಿಸಲು ಹಾಕಿದ ಗುಡಿಸಲುಗಳೇ ಕ್ರಮೇಣ ಊರುಗಳಾದವು. ಆ ದ್ವೀಪದ ಆಡುಮಾತಿನಲ್ಲಿ ‘ಮೀನು’ ಎಂದರೆ ಕಾಡ್ ಎಂದೇ ಅರ್ಥ. ಬೇರೆ ಮೀನಾದರೆ ಹೆಸರಿಟ್ಟು ಹೇಳಬೇಕು.

ತನ್ನ ಕಡಲಿನಲ್ಲಿ ಕಾಡ್ ಇಲ್ಲದಿದ್ದರೂ ಪೋರ್ಚುಗಲ್ ಅದನ್ನು ರಾಷ್ಟ್ರೀಯ ಆಹಾರವನ್ನಾಗಿ ಮಾಡಿಕೊಂಡಿತು. ಅಲ್ಲಿ ಉಪ್ಪುಹಾಕಿದ ಕಾಡ್‌ಗೆ ‘ಬಕಲ್ಯಾವ್’ ಎಂದು ಹೆಸರು, ‘ನಿಷ್ಠಾವಂತ ಗೆಳೆಯ’ ಎಂಬ ಅಡ್ಡಹೆಸರೂ ಇದೆ. ಕ್ರಿಸ್‌ಮಸ್ ಹಿಂದಿನ ರಾತ್ರಿಯ ಊಟಕ್ಕೆ ಅದಿಲ್ಲದೆ ನಡೆಯದು. 20ನೇ ಶತಮಾನದಲ್ಲಿ ಸಲಾಜಾರ್‌ನ ಸರ್ವಾಧಿಕಾರ ಈ ಮೀನುಗಾರಿಕೆಯನ್ನು ರಾಷ್ಟ್ರಕಾರ್ಯವೆಂಬಂತೆ ನಡೆಸಿತು. ‘ಶ್ವೇತ ನೌಕಾಪಡೆ’ಯ ಹಡಗುಗಳು ಗ್ರ್ಯಾಂಡ್ ಬ್ಯಾಂಕ್ಸ್ ತಲುಪಿದ ಮೇಲೆ, ಒಬ್ಬನೇ ಕೂರುವ ಡೋರಿ ಎಂಬ ಪುಟ್ಟ ದೋಣಿಗಳನ್ನು ನೀರಿಗಿಳಿಸುತ್ತಿದ್ದರು. ಮಂಜಿನಲ್ಲಿ ಒಬ್ಬಂಟಿಯಾಗಿ ಗಾಳದ ದಾರ ಹಾಕುತ್ತ ಕುಳಿತವನು ಸಂಜೆ ಹಡಗಿಗೆ ಮರಳಿದರೆ ಪುಣ್ಯ. ಈ ಪದ್ಧತಿ 1974ರವರೆಗೂ ನಡೆಯಿತು.

ಉಪ್ಪು, ಸಕ್ಕರೆ, ಗುಲಾಮರು

ಅಮೆರಿಕದ ಬಾಸ್ಟನ್ ನಗರದ ಶಾಸನಸಭಾ ಭವನದಲ್ಲಿ ಸುಮಾರು ಐದು ಅಡಿ ಉದ್ದದ ಮರದ ಕಾಡ್ ಮೀನೊಂದು ತೂಗುತ್ತಿದೆ. 1784ರಲ್ಲಿ ಜಾನ್ ರೋ ಎಂಬ ವರ್ತಕ ಪ್ರತಿನಿಧಿ ಅದನ್ನು ತೂಗುಹಾಕುವ ಸಲಹೆ ಮುಂದಿಟ್ಟ. ಮ್ಯಾಸಚೂಸೆಟ್ಸ್ ಸಂಸ್ಥಾನದ ಸಿರಿಗೆ ಕಾರಣವಾದ ಮೀನಿನ ನೆನಪಿಗೆಂದು ಇಟ್ಟ ಈ ‘ಪವಿತ್ರ ಕಾಡ್’ ಅನ್ನು 1933ರಲ್ಲಿ ಹಾರ್ವರ್ಡಿನ ಕೆಲವು ಕಿಡಿಗೇಡಿ ವಿದ್ಯಾರ್ಥಿಗಳು ಕದ್ದೊಯ್ದಾಗ ನಗರದಲ್ಲಿ ದೊಡ್ಡ ಗುಲ್ಲೆದ್ದಿತು. ಎರಡು ದಿನಗಳ ಬಳಿಕ ಮೀನು ಮರಳಿ ಸಿಕ್ಕಿತು.

ಆ ಸಿರಿಗೆ ಕರಾಳ ಮುಖವೂ ಇತ್ತು. ನ್ಯೂ ಇಂಗ್ಲೆಂಡಿನ ವರ್ತಕರು ಒಳ್ಳೆಯ ದರ್ಜೆಯ ಮೀನನ್ನು ಸ್ಪೇನ್, ಪೋರ್ಚುಗಲ್‌ಗಳಿಗೆ ಮಾರುತ್ತಿದ್ದರು. ಒಡೆದದ್ದು, ಸರಿಯಾಗಿ ಒಣಗದ್ದು, ಉಪ್ಪು ಹೆಚ್ಚಾದದ್ದು – ಈ ಕೀಳುದರ್ಜೆಯ ಸರಕೆಲ್ಲ ಹೋಗುತ್ತಿದ್ದುದು ವೆಸ್ಟ್ ಇಂಡೀಸಿನ ಕಬ್ಬಿನ ತೋಟಗಳಿಗೆ. ಅಲ್ಲಿ ಬಿಸಿಲಿನಲ್ಲಿ ದುಡಿಯುವ ಆಫ್ರಿಕದ ಗುಲಾಮರಿಗೆ ಅಗ್ಗದ ಆಹಾರವಾಗಿ ಅದನ್ನು ಬಳಸುತ್ತಿದ್ದರು. ಹಡಗುಗಳು ತಿರುಗಿ ಬರುವಾಗ ಕಾಕಂಬಿ ತುಂಬಿಕೊಂಡು ಬರುತ್ತಿದ್ದವು. ಅದು ನ್ಯೂ ಇಂಗ್ಲೆಂಡಿನಲ್ಲಿ ರಮ್ ಆಗುತ್ತಿತ್ತು. ಆ ರಮ್ ಆಫ್ರಿಕಕ್ಕೆ ಹೋಗಿ ಇನ್ನಷ್ಟು ಗುಲಾಮರ ಬೆಲೆಯಾಗುತ್ತಿತ್ತು. ದಾಸ್ಯ ಅಳಿದ ಮೇಲೂ ನಾಲಿಗೆಯ ನೆನಪು ಉಳಿಯಿತು. ಜಮೈಕಾದ ರಾಷ್ಟ್ರೀಯ ತಿನಿಸು ಇಂದಿಗೂ ಆಕಿ ಎಂಬ ಹಣ್ಣು ಮತ್ತು ಉಪ್ಪುಮೀನು.

ಬ್ರಿಟನ್ನಿನಲ್ಲಿ 1860ರ ದಶಕದಿಂದ ಕರಿದ ಕಾಡ್ ಮತ್ತು ಆಲೂಗೆಡ್ಡೆ ಕಾರ್ಮಿಕರ ಊಟವಾಯಿತು. ಅದೇ ದೇಶದ ಹೊಗೆ ಕವಿದ ನಗರಗಳಲ್ಲಿ ಮಕ್ಕಳ ಮೂಳೆ ಮೆತ್ತಗಾಗುವ ರಿಕೆಟ್ಸ್ ರೋಗ ವ್ಯಾಪಕವಾಗಿತ್ತು. 1919ರಲ್ಲಿ ಎಡ್ವರ್ಡ್ ಮೆಲನ್‌ಬಿ ನಾಯಿಮರಿಗಳ ಮೇಲಿನ ಪ್ರಯೋಗದಿಂದ, ಕಾಡ್ ಪಿತ್ತಜನಕಾಂಗದ ಎಣ್ಣೆ ಈ ರೋಗವನ್ನು ತಡೆಯುತ್ತದೆಂದು ತೋರಿಸಿದ. ಎಣ್ಣೆಯಲ್ಲಿನ ಎ ಜೀವಸತ್ವವನ್ನು ನಾಶಮಾಡಿದ ಮೇಲೂ ಈ ಗುಣ ಉಳಿಯುವುದನ್ನು 1922ರಲ್ಲಿ ಅಮೆರಿಕದ ಎಲ್ಮರ್ ಮೆಕಾಲಮ್ ಕಂಡ. ಆ ಹೊಸ ಅಂಶಕ್ಕೆ ಡಿ ಜೀವಸತ್ವ ಎಂಬ ಹೆಸರು ಬಂತು. ಎರಡನೆಯ ಮಹಾಯುದ್ಧದ ಕಾಲದಲ್ಲಿ ಬ್ರಿಟಿಷ್ ಸರ್ಕಾರ ಐದು ವರ್ಷದೊಳಗಿನ ಮಕ್ಕಳಿಗೆ ಈ ಎಣ್ಣೆಯನ್ನು ಪುಕ್ಕಟೆ ಹಂಚಿತು. ನಮ್ಮ ಮನೆಗಳ ಗುಳಿಗೆಯ ಹಿಂದಿನ ವಿಜ್ಞಾನ ಇದು.

ಬಲೆ ಕತ್ತರಿಸಿದ ಯುದ್ಧ

ಕಾಡ್‌ಗಾಗಿ ಯುದ್ಧಗಳೂ ನಡೆದವು. ಒಂದು ಕಡೆ ಒಂದು ಕಾಲದ ಸಾಗರ ಸಾಮ್ರಾಜ್ಯ ಬ್ರಿಟನ್, ಇನ್ನೊಂದು ಕಡೆ ಸೈನ್ಯವೇ ಇಲ್ಲದ, 1944ರಲ್ಲಷ್ಟೇ ಗಣರಾಜ್ಯವಾದ ಐಸ್‌ಲೆಂಡ್. ಮೀನೇ ಐಸ್‌ಲೆಂಡಿನ ಬದುಕು. ಅದರ ಒಂದು ಕ್ರೋನಾ ನಾಣ್ಯದ ಮೇಲೂ ಕಾಡ್ ಚಿತ್ರವಿದೆ. ಬ್ರಿಟಿಷ್ ಟ್ರಾಲರ್‌ಗಳು ತನ್ನ ಹಿತ್ತಿಲಿನಲ್ಲೇ ಮೀನು ಬಳಿದೊಯ್ಯುವುದನ್ನು ಸಹಿಸದ ಐಸ್‌ಲೆಂಡ್ ತನ್ನ ಮೀನುಗಾರಿಕೆಯ ಗಡಿಯನ್ನು 1958ರಲ್ಲಿ 12 ಮೈಲಿಗೆ, 1972ರಲ್ಲಿ 50 ಮೈಲಿಗೆ, 1975ರಲ್ಲಿ 200 ಮೈಲಿಗೆ ವಿಸ್ತರಿಸಿತು. ಪ್ರತಿ ಬಾರಿಯೂ ಬ್ರಿಟನ್ ಒಪ್ಪದೆ ತನ್ನ ಟ್ರಾಲರ್‌ಗಳ ಕಾವಲಿಗೆ ಯುದ್ಧನೌಕೆಗಳನ್ನು ಕಳಿಸಿತು.

ಐಸ್‌ಲೆಂಡಿನ ಆಯುಧ ಸರಳ. ಕರಾವಳಿ ಕಾವಲು ಹಡಗಿನ ಹಿಂದೆ ಕೊಕ್ಕೆಯಂಥ ಕತ್ತರಿಯನ್ನು ಎಳೆದುಕೊಂಡು ಹೋಗಿ ಟ್ರಾಲರ್‌ನ ಬಲೆಯ ಉಕ್ಕಿನ ಹಗ್ಗವನ್ನು ತುಂಡರಿಸುವುದು. ದುಬಾರಿ ಬಲೆಯೂ ಅದರೊಳಗಿನ ಮೀನೂ ಕಡಲಪಾಲು. ಹಡಗುಗಳು ಒಂದಕ್ಕೊಂದು ಡಿಕ್ಕಿ ಹೊಡೆದುಕೊಂಡವು. 1976ರ ಫೆಬ್ರವರಿಯಲ್ಲಿ ಐಸ್‌ಲೆಂಡ್ ಬ್ರಿಟನ್ನಿನೊಡನೆ ರಾಜತಾಂತ್ರಿಕ ಸಂಬಂಧವನ್ನೇ ಕಡಿದುಕೊಂಡಿತು. ಎರಡೂ ನ್ಯಾಟೋ ಕೂಟದ ಸದಸ್ಯ ದೇಶಗಳು. ಶೀತಲ ಸಮರದ ಆ ದಿನಗಳಲ್ಲಿ ಐಸ್‌ಲೆಂಡಿನ ಕೆಫ್ಲಾವಿಕ್ ನೆಲೆಯನ್ನು ಕಳೆದುಕೊಳ್ಳುವುದು ಅಮೆರಿಕಕ್ಕೆ ಬೇಡವಾಗಿತ್ತು. 1976ರ ಜೂನ್ 1ರಂದು ಬ್ರಿಟನ್ ಮಣಿಯಿತು. ಹಲ್, ಗ್ರಿಮ್ಸ್‌ಬಿ ಬಂದರುಗಳ ಸಾವಿರಾರು ಮೀನುಗಾರರ ಕೆಲಸ ಹೋಯಿತು.

ಈ ಜಗಳದ ಫಲ ನಮ್ಮ ಕಡಲಿನವರೆಗೂ ಮುಟ್ಟಿದೆ. ದಡದಿಂದ 200 ನಾಟಿಕಲ್ ಮೈಲಿ, ಅಂದರೆ ಸುಮಾರು 370 ಕಿಲೋಮೀಟರ್ ವರೆಗಿನ ಸಂಪತ್ತು ಆಯಾ ದೇಶದ್ದು ಎಂಬ ತತ್ವಕ್ಕಾಗಿ ದಕ್ಷಿಣ ಅಮೆರಿಕದ ದೇಶಗಳು ಮೊದಲೇ ವಾದಿಸಿದ್ದವು. ಐಸ್‌ಲೆಂಡಿನ ಗೆಲುವು ಅದಕ್ಕೆ ಬಲ ತಂದಿತು. 1976ರಲ್ಲೇ ಭಾರತದ ಸಂಸತ್ತು ಸಾಗರ ವಲಯಗಳ ಕಾಯ್ದೆಯನ್ನು ಮಾಡಿತು. 1982ರ ವಿಶ್ವಸಂಸ್ಥೆಯ ಸಮುದ್ರ ಕಾನೂನಿನ ಒಪ್ಪಂದ ಈ ಗಡಿಯನ್ನು ಜಗತ್ತಿಗೆಲ್ಲ ಅನ್ವಯಿಸಿತು. ಮಲ್ಪೆ, ಮಂಗಳೂರು, ಕಾರವಾರದ ದೋಣಿಗಳು ದುಡಿಯುವ ಕಡಲಿನ ಎಲ್ಲೆಯೂ ಅದೇ.

ಬತ್ತುವ ಕೆರೆಯ ಲೆಕ್ಕ

ಗಡಿ ಹಾಕಿದರೆ ಮೀನು ಉಳಿಯುತ್ತದೆಯೆ? ಈ ಪ್ರಶ್ನೆಗೆ ನ್ಯೂಫೌಂಡ್‌ಲೆಂಡ್ ಕೊಟ್ಟ ಉತ್ತರ ಕಹಿಯಾದದ್ದು.

ಗಾಳ, ಬಲೆ, ಹಾಯಿದೋಣಿಗಳ ಕಾಲದಲ್ಲಿ ಮೀನಿಗೆ ಅಡಗಲು ಜಾಗವಿತ್ತು. ಆಳ ನೀರು, ಮಂಜುಗಡ್ಡೆ, ಚಳಿಗಾಲ ಇವೆಲ್ಲ ಅದರ ಕೋಟೆಗಳು. 1954ರಲ್ಲಿ ಬ್ರಿಟನ್ನಿನ ‘ಫೇರ್‌ಟ್ರೈ’ ಎಂಬ ಹಡಗು ನೀರಿಗಿಳಿಯುವುದರೊಂದಿಗೆ ಆ ಕೋಟೆಗಳು ಬಿದ್ದವು. ಮೀನು ಹಿಡಿಯುವುದು, ಸೀಳುವುದು, ಹೆಪ್ಪುಗಟ್ಟಿಸುವುದು ಎಲ್ಲವೂ ಒಂದೇ ಹಡಗಿನಲ್ಲಿ. ಕಡಲ ತಳವನ್ನು ಗುಡಿಸಿಕೊಂಡು ಹೋಗುವ ಬಲೆ, ಮೀನಿನ ಹಿಂಡನ್ನು ತೋರಿಸುವ ಸೋನಾರ್, ಹಗಲು ರಾತ್ರಿಯೆನ್ನದೆ ದುಡಿಯುವ ಯಂತ್ರ. ಸೋವಿಯತ್ ಒಕ್ಕೂಟ, ಜರ್ಮನಿ, ಸ್ಪೇನ್, ಪೋರ್ಚುಗಲ್ ಮುಂತಾದ ದೇಶಗಳ ತೇಲುವ ಕಾರ್ಖಾನೆಗಳು ಬಂದು ಸೇರಿದವು. 1968ರಲ್ಲಿ ಈ ಭಾಗದ ಉತ್ತರದ ಕಾಡ್ ಹಿಡುವಳಿ ಸುಮಾರು 8 ಲಕ್ಷ 10 ಸಾವಿರ ಟನ್ ಮುಟ್ಟಿತು. ಹತ್ತು ವರ್ಷದಲ್ಲಿ ಅದು ಒಂದೂವರೆ ಲಕ್ಷ ಟನ್ನಿಗಿಂತ ಕೆಳಗಿಳಿಯಿತು.

1977ರಲ್ಲಿ ಕೆನಡಾ 200 ಮೈಲಿಯ ಗಡಿ ಘೋಷಿಸಿ ವಿದೇಶಿ ಹಡಗುಗಳನ್ನು ಹೊರಗಟ್ಟಿತು. ಇನ್ನು ಮೀನೆಲ್ಲ ನಮ್ಮದೇ ಎಂಬ ಹುಮ್ಮಸ್ಸಿನಲ್ಲಿ ಸಾಲ, ಸಹಾಯಧನ ಕೊಟ್ಟು ಸ್ವದೇಶಿ ಟ್ರಾಲರ್‌ಗಳನ್ನು ಬೆಳೆಸಿತು. ಪರದೇಶಿಯ ಬಲೆ ಹೋಗಿ ಸ್ವದೇಶಿಯ ಬಲೆ ಬಂತು. ಮೀನಿಗೆ ವ್ಯತ್ಯಾಸವೇನೂ ಆಗಲಿಲ್ಲ.

ಇಲ್ಲಿ ಒಂದು ಲೆಕ್ಕದ ಮೋಸವೂ ಇತ್ತು. ಮಲೆನಾಡಿನ ಕೆರೆಬೇಟೆ ನೋಡಿದವರಿಗೆ ಇದು ಬೇಗ ಅರ್ಥವಾದೀತು. ಬೇಸಗೆಯಲ್ಲಿ ಕೆರೆ ಬತ್ತಿದಂತೆ ಮೀನುಗಳು ಉಳಿದ ಗುಂಡಿಯಲ್ಲಿ ಒತ್ತಾಗಿ ಸೇರುತ್ತವೆ. ಅಲ್ಲಿ ಕೂಣಿ ಹಾಕಿದವನಿಗೆ ಪ್ರತಿ ಸಲವೂ ಮೀನು ಸಿಗುತ್ತದೆ. ಅದನ್ನೇ ನೋಡಿ ಕೆರೆ ತುಂಬ ಮೀನಿದೆ ಎನ್ನುವುದು ಎಂಥ ಲೆಕ್ಕ? ಕಾಡ್ ವಿಷಯದಲ್ಲಿ ಆದದ್ದು ಇದೇ. ಸಂಖ್ಯೆ ಕುಸಿದಂತೆ ಮೀನುಗಳು ಕೆಲವೇ ಕಡೆ ಗುಂಪುಗೂಡಿದವು. ಸೋನಾರ್ ಇದ್ದ ಟ್ರಾಲರ್‌ಗಳು ನೇರವಾಗಿ ಅಲ್ಲಿಗೇ ಹೋದವು. ಅವುಗಳಿಗೆ ಗಂಟೆಗೆ ಸಿಗುವ ಮೀನು ಕಡಿಮೆಯಾಗಲಿಲ್ಲ. ಆ ಅಂಕಿಗಳಿಗೆ ಹೆಚ್ಚು ತೂಕ ಕೊಟ್ಟ ಸರ್ಕಾರಿ ವಿಜ್ಞಾನಿಗಳು ಮೀನಿನ ಸಂತತಿ ಬೆಳೆಯುತ್ತಿದೆ ಎಂದು ಅಂದಾಜು ಮಾಡಿದರು. ಅತ್ತ ದಡದ ಬಳಿ ಸಣ್ಣ ದೋಣಿಗಳಲ್ಲಿ ಮೀನು ಹಿಡಿಯುವವರು, ತಮಗೆ ಮೀನು ಸಿಗುತ್ತಿಲ್ಲ, ಸಿಕ್ಕರೂ ಸಣ್ಣದು ಎಂದು 1980ರ ದಶಕದುದ್ದಕ್ಕೂ ಕೂಗಿಕೊಂಡರು. ಓದಿಲ್ಲದವರ ಆ ಮಾತಿಗೆ ಕಿವಿಗೊಡುವವರಿರಲಿಲ್ಲ.

ತಪ್ಪು ತಿಳಿದ ಮೇಲೂ ಧೈರ್ಯ ಬರಲಿಲ್ಲ. 1989ರ ಸಾಲಿಗೆ 1 ಲಕ್ಷ 25 ಸಾವಿರ ಟನ್ನಿಗಿಂತ ಹೆಚ್ಚು ಹಿಡಿಯಬಾರದು ಎಂದು ವಿಜ್ಞಾನಿಗಳು ಹೇಳಿದರೆ, ಉದ್ಯೋಗ ಹೋಗುವ ಭಯದಿಂದ ಸರ್ಕಾರ 2 ಲಕ್ಷ 35 ಸಾವಿರ ಟನ್ನಿಗೆ ಅನುಮತಿ ನೀಡಿತು. ಆ ವರ್ಷಗಳಲ್ಲಿ ಕಡಲ ನೀರು ಎಂದಿಗಿಂತ ತಣ್ಣಗಾಗಿದ್ದುದೂ ಮೀನಿಗೆ ಕಂಟಕವಾಯಿತು. ಆದರೆ ಹಿಂದೆಯೂ ಅಂಥ ಚಳಿಯನ್ನು ತಡೆದುಕೊಂಡಿದ್ದ ಸಂತತಿ ಈ ಸಲ ತಡೆಯದೆ ಹೋದದ್ದು, ಮೊಟ್ಟೆಯಿಡುವ ದೊಡ್ಡ ಮೀನುಗಳು ಆಗಲೇ ಬಲೆ ಸೇರಿದ್ದರಿಂದ.

ದೋಣಿಗಳು ದಡ ಸೇರಿದ ದಿನ

1992ರ ಜುಲೈ 2ರಂದು ಕೆನಡಾದ ಮೀನುಗಾರಿಕಾ ಸಚಿವ ಜಾನ್ ಕ್ರಾಸ್‌ಬಿ ಸೇಂಟ್ ಜಾನ್ಸ್ ನಗರದಲ್ಲಿ ಉತ್ತರದ ಕಾಡ್ ಮೀನುಗಾರಿಕೆಗೆ ನಿಷೇಧ ಘೋಷಿಸಿದರು. ಅವರು ಅದೇ ದ್ವೀಪದ ಮಗ. ಹಿಂದಿನ ದಿನ ಬೇ ಬುಲ್ಸ್ ಎಂಬ ಹಳ್ಳಿಯಲ್ಲಿ ರೊಚ್ಚಿಗೆದ್ದ ಜನ ಅವರನ್ನು ಮುತ್ತಿದ್ದರು. ಘೋಷಣೆಯ ದಿನ ಸಿಟ್ಟಿಗೆದ್ದ ಮೀನುಗಾರರು ಸಭೆಯ ಬಾಗಿಲನ್ನೇ ಒಡೆಯಲು ಮುಂದಾದರು. ಮೊದಲಿಗೆ ಪ್ರಕಟಿಸಿದ ಪರಿಹಾರ ವಾರಕ್ಕೆ 225 ಡಾಲರ್. ಕೆಲಸ ಕಳೆದುಕೊಂಡವರು ಸುಮಾರು 30 ಸಾವಿರ ಮಂದಿ. ಉತ್ತರದ ಕಾಡ್ ಸಂತತಿ ಹಿಂದಿನ ಪ್ರಮಾಣದ ನೂರಕ್ಕೆ ಒಂದರಷ್ಟಕ್ಕೆ ಇಳಿದಿತ್ತು. ಕ್ಯಾಬಟ್‌ನ ಬುಟ್ಟಿಯಿಂದ ಈ ದಿನಕ್ಕೆ ಸರಿಯಾಗಿ 495 ವರ್ಷ.

ಎರಡು ವರ್ಷ ಸಾಕು, ಮೀನು ಮರಳುತ್ತದೆ ಎಂದಿದ್ದರು. ಮರಳಲಿಲ್ಲ. ಅಜ್ಜ, ಅಪ್ಪ, ಮಗ ಎಂದು ಒಂದೇ ಕಸುಬಿನಲ್ಲಿ ಬಾಳಿದ ಮನೆಗಳ ಹುಡುಗರು ಕೆಲಸ ಹುಡುಕಿಕೊಂಡು ಪಶ್ಚಿಮದ ಆಲ್ಬರ್ಟಾದ ತೈಲಕ್ಷೇತ್ರಗಳಿಗೆ ಹೋದರು. 1991ರಲ್ಲಿ 5 ಲಕ್ಷ 68 ಸಾವಿರವಿದ್ದ ಪ್ರಾಂತ್ಯದ ಜನಸಂಖ್ಯೆ 2006ಕ್ಕೆ 5 ಲಕ್ಷ 5 ಸಾವಿರಕ್ಕೆ ಇಳಿಯಿತು. ಇತ್ತ ಕಡಲಿನಲ್ಲಿ, ತಿನ್ನುವ ಕಾಡ್ ಇಲ್ಲವಾದದ್ದೂ ಸೇರಿ ಹಲವು ಕಾರಣಗಳಿಂದ ಏಡಿ, ಸಿಗಡಿಗಳು ಹೆಚ್ಚಿದವು. ಉಳಿದ ಮೀನುಗಾರರು ಅವನ್ನು ಹಿಡಿದು ಕಾಡ್‌ಗಿಂತ ಹೆಚ್ಚು ಹಣ ಕಂಡರು. ಆದರೆ ಅದಕ್ಕೆ ಬೇಕಾದ ದೊಡ್ಡ ದೋಣಿ, ಪರವಾನಗಿಗಳು ಕೆಲವರ ಪಾಲಿಗೆ ಮಾತ್ರ ಬಂದವು. ಸಣ್ಣ ಹಳ್ಳಿಗಳ ಮೀನು ಸಂಸ್ಕರಣಾ ಘಟಕಗಳು ಒಂದೊಂದಾಗಿ ಬಾಗಿಲು ಹಾಕಿದವು.

ಎರಡು ವರ್ಷದ ನಿಷೇಧ 32 ವರ್ಷ ನಡೆಯಿತು. 2024ರ ಜೂನ್ ತಿಂಗಳಲ್ಲಿ ಕೆನಡಾ ಸರ್ಕಾರ ಅದನ್ನು ಹಿಂತೆಗೆದುಕೊಂಡು ಆ ವರ್ಷಕ್ಕೆ 18 ಸಾವಿರ ಟನ್ ಹಿಡಿಯಲು ಅವಕಾಶವಿತ್ತಿತು. ಮೀನು ಇನ್ನೂ ಪೂರ್ತಿ ಚೇತರಿಸಿಲ್ಲ, ಇದು ಆತುರ ಎಂದು ವಿಜ್ಞಾನಿಗಳು ಆಕ್ಷೇಪಿಸಿದರು. ದೊಡ್ಡ ಟ್ರಾಲರ್‌ಗಳಿಗೂ ಪಾಲು ಕೊಟ್ಟದ್ದನ್ನು ಮೀನುಗಾರರ ಸಂಘವೇ ವಿರೋಧಿಸಿತು. 30 ವರ್ಷಗಳ ಹಿಂದೆ ಬಾಗಿಲು ಒಡೆಯಲು ಬಂದವರ ಉತ್ತರಾಧಿಕಾರಿಗಳು ಈಗ ಬಾಗಿಲು ಇಷ್ಟು ಅಗಲ ತೆರೆಯಬೇಡಿ ಎಂದದ್ದು ಕಾಲದ ಪಾಠ.

ಎಲ್ಲೆಡೆಯೂ ಕಥೆ ಹೀಗೇ ಮುಗಿದಿಲ್ಲ. ಬ್ಯಾರೆಂಟ್ಸ್ ಸಮುದ್ರದ ಕಾಡ್ ಸಂತತಿಯನ್ನು ನಾರ್ವೆ ಮತ್ತು ರಷ್ಯಾ ಜಂಟಿಯಾಗಿ ನೋಡಿಕೊಳ್ಳುತ್ತ ಬಂದಿವೆ. ಎಳೆಯ ಮೀನು ಹೆಚ್ಚು ಸಿಕ್ಕುವ ಕಡೆ ತಕ್ಷಣ ಬಲೆ ನಿಲ್ಲಿಸುವ, ಹಿಡಿದ ಮೀನನ್ನು ಕಡಲಿಗೆ ಚೆಲ್ಲದಿರುವ ನಿಯಮಗಳು ಫಲ ಕೊಟ್ಟವು. 2013ರಲ್ಲಿ ಅಲ್ಲಿ 10 ಲಕ್ಷ ಟನ್ ಹಿಡಿಯಲು ಅನುಮತಿಯಿತ್ತು. ಆಮೇಲೆ ಸಂತತಿ ಮತ್ತೆ ಇಳಿಯತೊಡಗಿದಾಗ ಎರಡೂ ದೇಶಗಳು, ಉಕ್ರೇನ್ ಯುದ್ಧದ ವೈಮನಸ್ಯದ ನಡುವೆಯೂ ಒಂದೇ ಮೇಜಿಗೆ ಕುಳಿತು ಪಾಲು ತಗ್ಗಿಸಿದವು. 2025ಕ್ಕೆ ನಿಗದಿಯಾದದ್ದು 3 ಲಕ್ಷ 40 ಸಾವಿರ ಟನ್. ಕಹಿಯಾದ ಅಂಕಿಯನ್ನು ಸಮಯಕ್ಕೆ ಒಪ್ಪಿಕೊಳ್ಳುವುದರಲ್ಲೇ ನ್ಯೂಫೌಂಡ್‌ಲೆಂಡಿಗೂ ಇವಕ್ಕೂ ವ್ಯತ್ಯಾಸವಿದೆ.

ನಮ್ಮ ಕಡಲಿಗೆ ಸಂಬಂಧವೇನು?

ಕಾಡ್ ಮೀನು ನಮ್ಮಲ್ಲಿಲ್ಲ, ನಿಜ. ಆದರೆ ತಳ ಗುಡಿಸುವ ಬಲೆ ನಮ್ಮಲ್ಲಿದೆ, ಸೋನಾರ್ ಇದೆ, ವರ್ಷ ವರ್ಷ ದೊಡ್ಡದಾಗುವ ದೋಣಿಗಳಿವೆ. ನಮ್ಮ ಮೀನುಗಳ ಪೈಕಿ ಬೂತಾಯಿ, ಬಂಗುಡೆಗಳು ಬೇಗ ಬೆಳೆದು ಬೇಗ ಮೊಟ್ಟೆಯಿಡುವಂಥವು. ಕಾಡ್‌ನಂತೆ ಐದಾರು ವರ್ಷ ಕಾಯಬೇಕಿಲ್ಲ. ಬಿಡುವು ಕೊಟ್ಟರೆ ಬೇಗ ಚೇತರಿಸಿಕೊಳ್ಳುವ ಈ ಗುಣ ನಮ್ಮ ಪುಣ್ಯ.

ಆ ಬಿಡುವಿನ ಕಲ್ಪನೆ ಕರಾವಳಿಗೆ ಹೊಸತೂ ಅಲ್ಲ. ಆಷಾಢದ ಅಬ್ಬರದಲ್ಲಿ ದೋಣಿ ದಡಕ್ಕೇರಿಸಿ, ಶ್ರಾವಣದ ನೂಲ ಹುಣ್ಣಿಮೆಯ ವೇಳೆಗೆ ಸಮುದ್ರಕ್ಕೆ ಹಾಲೆರೆದು, ತೆಂಗಿನಕಾಯಿ ಅರ್ಪಿಸಿ ಮತ್ತೆ ಕಡಲಿಗಿಳಿಯುವುದು ಮೊಗವೀರರೇ ಮೊದಲಾದ ಸಮುದಾಯಗಳ ಪದ್ಧತಿ. ಇಂದು ಪಶ್ಚಿಮ ಕರಾವಳಿಯಲ್ಲಿ ಜೂನ್ 1ರಿಂದ ಜುಲೈ 31ರವರೆಗೆ 61 ದಿನ ಯಾಂತ್ರೀಕೃತ ಮೀನುಗಾರಿಕೆಗೆ ಇರುವ ನಿಷೇಧ ಈ ಹಳೆಯ ಬಿಡುವಿಗೇ ಕಾನೂನಿನ ರೂಪ. ಕಣ್ಣು ಕೋರೈಸುವ ಎಲ್ಇಡಿ ದೀಪ ಹಾಕಿ ಮೀನು ಸೆಳೆಯುವುದನ್ನೂ, ಎರಡು ದೋಣಿಗಳು ಸೇರಿ ಎಳೆಯುವ ಬುಲ್ ಟ್ರಾಲಿಂಗನ್ನೂ ಕೇಂದ್ರ ಸರ್ಕಾರ 2017ರಲ್ಲಿ ನಿಷೇಧಿಸಿತು. ಆದರೂ ಈ ವಿಷಯದಲ್ಲಿ ನಾಡದೋಣಿಯವರಿಗೂ ಯಾಂತ್ರಿಕ ದೋಣಿಯವರಿಗೂ ಜಗಳ ನಿಂತಿಲ್ಲ.

1980ರ ದಶಕದಲ್ಲಿ ನ್ಯೂಫೌಂಡ್‌ಲೆಂಡಿನಲ್ಲೂ ಇಂಥದೇ ಜಗಳವಿತ್ತು. ದಡದ ಸಣ್ಣ ದೋಣಿಯವರು ಹೇಳಿದ್ದು ಒಂದು, ದೊಡ್ಡ ಹಡಗಿನ ಅಂಕಿಗಳು ಹೇಳಿದ್ದು ಇನ್ನೊಂದು. ಅಧಿಕಾರಿಗಳು ನಂಬಿದ್ದು ಅಂಕಿಗಳನ್ನು. ‘ಬಲೆಗೆ ಬೀಳುವ ಮೀನು ವರ್ಷ ವರ್ಷ ಸಣ್ಣದಾಗುತ್ತಿದೆ’ ಎಂದು ನಮ್ಮ ಬಂದರುಗಳಲ್ಲಿ ಮುದುಕ ಮೀನುಗಾರನೊಬ್ಬ ಗೊಣಗಿದರೆ, ಅದನ್ನು ಗೊಣಗಾಟವೆಂದು ತಳ್ಳಿಹಾಕದೆ ಬರೆದಿಟ್ಟುಕೊಳ್ಳುವವರು ಬೇಕು. 8 ಲಕ್ಷ ಟನ್ನಿನಿಂದ 18 ಸಾವಿರ ಟನ್ನಿಗೆ ಇಳಿದ ಲೆಕ್ಕ ಶುರುವಾದದ್ದು ಅಂಥ ಮಾತೊಂದನ್ನು ಯಾರೂ ಬರೆದುಕೊಳ್ಳದ್ದರಿಂದ.